ಜನ್ಮಪರ್ಯಂತ ಕಾಕಾ ತ್ಯಾಗ

ನನ್ನ ಅಣ್ಣನ ಮಗಳು ತ್ರಿಶಲಾ ಬರೆದ ಕಾದಂಬರಿಯಲ್ಲಿ ನಾನು ಇಲ್ಲ. ನನಗಾದ ಅನ್ಯಾಯ ಇಷ್ಟೇ. ಇದನ್ನು ಅಲಂಕರಿಸಿ ಹೇಳುವ ಅಗತ್ಯ ನನಗೆ ಕಾಣುವುದಿಲ್ಲ. ಆ ಗ್ರಂಥದಲ್ಲಿ ಗೋಕಾಕದ ಅರ್ಧ ಪೇಟೆ ಇದೆ. ನನ್ನ ಹೆಂಡತಿಯ ತಮ್ಮ ಹುಕ್ಕೇರಿಯ ನೇಮಣ್ಣ, ಕಳಚಿದ ಸೈಕಲ್ ಚೈನನ್ನು ಇಂದಿನವರೆಗೂ ತಾನೇ ಹಾಕಿಕೊಂಡವನಲ್ಲ, ಅದರಲ್ಲಿ ಆಕಾಶಕ್ಕೇರುವ ಹಡಗಿನ ಕಪ್ತಾನನಾಗಿ ಹಿತ್ತಾಳೆಯ ಮೀಸೆ ತಿರುವುತ್ತಾನೆ. ನನ್ನ ಹೆಂಡತಿ ಇದ್ದಾಳೆ. ಬಾಜೂ ಮನೆಯವರ ಕುಂಟ ಎಮ್ಮೆ ಇದೆ. ಅದಕ್ಕೆ ಉಗಿಯಿಂದ ನಡೆಯುವ ಹೊಸ ಕಾಲು ಬಂದಿದೆ. ನಾನು ಮಾತ್ರ ಇಲ್ಲ. ತಮ್ಮನ್ನು ಪುಸ್ತಕದಲ್ಲಿ ಕೆಟ್ಟದಾಗಿ ಚಿತ್ರಿಸಿದರೆಂದು ಕೋರ್ಟಿನ ಮೆಟ್ಟಿಲು ಹತ್ತಿದವರ ಸುದ್ದಿ ಕೇಳಿದ್ದೇನೆ. ಚಿತ್ರಿಸದೆ ಬಿಟ್ಟದ್ದಕ್ಕೆ ಯಾವ ಕೋರ್ಟಿನ ಮೆಟ್ಟಿಲು ಹತ್ತಬೇಕೆಂದು ಪರಿಚಯದ ವಕೀಲರೊಬ್ಬರನ್ನು ವಿಚಾರಿಸಿದೆ. ಅವರು ಬಹಳ ಹೊತ್ತು ನನ್ನನ್ನು ನೋಡಿ ಚಹಾ ತರಿಸಿದರು. ಚಹಾ ಕುಡಿದು ಬಂದೆ.

ನಾನು ಗೋಕಾಕದಲ್ಲಿ ಹಿತ್ತಾಳೆ ತಾಮ್ರದ ಪಾತ್ರೆಗಳ ಅಂಗಡಿ ಇಟ್ಟವನು. ಸ್ಟೀಲು ಬಂದು ಹಿತ್ತಾಳೆಯನ್ನು ಅಟ್ಟಕ್ಕೆ ಏರಿಸಿದ ಮೇಲೂ ಅಂಗಡಿ ಮುಚ್ಚದೆ ಕುಳಿತವನು. ಯಾರ್ಯಾರು ಮೊದಲು ಸ್ಟೀಲಿಗೆ ಹೋದರೆಂಬುದು ನನಗೆ ಇಂದಿಗೂ ಕ್ರಮವಾಗಿ ನೆನಪಿದೆ. ಕೊಂಡ ಪಾತ್ರೆಯ ಮೇಲೆ ಹೆಸರು ಕೆತ್ತಿಸುವುದು ನಮ್ಮ ಕಡೆಯ ಪದ್ಧತಿ. ಮದುವೆಯ ಹಂಡೆಯ ಮೇಲೆ, ತೊಟ್ಟಿಲ ಕಾರ್ಯಕ್ಕೆ ಕೊಟ್ಟ ಬಟ್ಟಲಿನ ಮೇಲೆ ಇಂಥವರಿಗೆ ಇಂಥವರಿಂದ ಎಂದು ನಾನೇ ಸ್ವಹಸ್ತದಿಂದ ಕೆತ್ತಿಕೊಟ್ಟಿದ್ದೇನೆ. ಜಗಳವಾಡಿದವರ ಹೆಸರನ್ನೂ ಒಂದು ಕೊಂಬು ತಪ್ಪದಂತೆ ಕೆತ್ತಿದ್ದೇನೆ. ಯಾರ ಹೆಸರನ್ನೂ ಬಿಟ್ಟವನಲ್ಲ ಎಂಬುದನ್ನು ವಾಚಕರು ಈಗಲೇ ಗಮನಿಸಬೇಕೆಂದು ಕೋರುತ್ತೇನೆ.

ಇನ್ನು ನನ್ನ ಧ್ವನಿಯ ವಿಷಯ. ಚಾತುರ್ಮಾಸದಲ್ಲಿ ನಮ್ಮ ಜೈನ ಬಸ್ತಿಯಲ್ಲಿ ಪುರಾಣ ಓದುವವನು ನಾನು. ಓದುವ ಮೊದಲು ಒಮ್ಮೆ ಗಂಟಲು ಸರಿಮಾಡಿಕೊಳ್ಳುತ್ತೇನೆ. ಆ ಸದ್ದಿಗೇ ಹೆಂಗಸರ ಸಾಲಿನ ಮಾತು ನಿಲ್ಲುತ್ತದೆ. ನನಗೆ ಯಾರಾದರೂ ಅಪಚಾರ ಮಾಡಿದಾಗಲೂ ನಾನು ಬೈಯುವುದಿಲ್ಲ. ಅದೇ ರೀತಿ ಗಂಟಲು ಸರಿಮಾಡಿಕೊಂಡು, "ಇರಲಿ. ನೆನಪಿರಲಿ" ಎನ್ನುತ್ತೇನೆ. ಅಷ್ಟೇ. ಉದಾಹರಣೆಗೆ ಕಲ್ಲೋಳಿಯ ಒಂದು ಮದುವೆಯಲ್ಲಿ ಬದನೆಕಾಯಿಯ ಎಣ್ಣೆಗಾಯಿ ಬಡಿಸುವವನು ನನ್ನ ಎಡಗಡೆಯವರಿಗೆ ಬಡಿಸಿ, ನನ್ನನ್ನು ದಾಟಿ, ಬಲಗಡೆಯವರಿಗೆ ಬಡಿಸಿದ. ಬಕೀಟಿನಲ್ಲಿ ಕಾಯಿ ಇತ್ತು, ನಾನು ನೋಡಿದೆ. "ಇರಲಿ. ನೆನಪಿರಲಿ" ಎಂದೆ. ಮರುದಿನ ಬಸ್ತಿಗೆ ಹೋಗಿ ದೇವರೆದುರು ಬದನೆಕಾಯಿಯನ್ನು ಜನ್ಮಪರ್ಯಂತ ತ್ಯಾಗ ಮಾಡಿ ನಿಯಮ ತೆಗೆದುಕೊಂಡೆ. ಕಲ್ಲೋಳಿಯವರಿಗೆ ಈ ಶಿಕ್ಷೆಯ ಸುದ್ದಿ ಇನ್ನೂ ತಲುಪಿಲ್ಲ. ಅಂದಿನಿಂದ ಪ್ರತಿ ಚಳಿಗಾಲದಲ್ಲಿ ಮನೆಯವರೆಲ್ಲ ಬಿಸಿ ರೊಟ್ಟಿಯ ಜೊತೆ ಎಣ್ಣೆಗಾಯಿ ತಿನ್ನುವಾಗ ನಾನು ಮೊಸರು ಕಲಸಿಕೊಂಡು ಗೋಡೆ ನೋಡುತ್ತೇನೆ. ತ್ಯಾಗವೆಂದರೆ ಹಾಗೆಯೇ. ಬಿಟ್ಟದ್ದು ಬಿಟ್ಟದ್ದೇ, ಅದರ ರಸವನ್ನೂ ಮುಟ್ಟುವಂತಿಲ್ಲ.

ಕುಲಗೋಡದಲ್ಲಿ ಒಕ್ಕಲುತನ ಮಾಡುವ ಅಣ್ಣ ತನ್ನ ಮಗಳನ್ನು ಓದಲಿಕ್ಕೆ ನಮ್ಮ ಮನೆಯಲ್ಲಿ ಇಟ್ಟಿದ್ದ. ತ್ರಿಶಲಾ ಓದಿದ್ದಕ್ಕಿಂತ ಕೇಳಿದ್ದೇ ಹೆಚ್ಚು. ನಮ್ಮ ಬಚ್ಚಲಲ್ಲಿ ನೀರು ಕಾಯಿಸುವ ತಾಮ್ರದ ಬಂಬ ಇತ್ತು: ನಡುವೆ ಹೊಗೆಯ ಕೊಳವೆ, ಸುತ್ತಲೂ ನೀರು. ಆ ಬಂಬಕ್ಕೆ ಕಿವಿ ಹಚ್ಚಿ ನಿಂತು, ಅದು ಕುದಿಯುವಾಗ ಮಾಡುವ ಸದ್ದನ್ನೆಲ್ಲ ಮಾಡಿ ತೋರಿಸುತ್ತಿದ್ದಳು. ಬಾಗಿಲಿಗೆ ಬಂದು ಮಾರುವವರ ಕೂಗು, ಕುಲಗೋಡ ಬಸ್ಸಿನ ಗೇರು, ಅಂಗಡಿಗೆ ಬಂದು ಚೌಕಾಶಿ ಮಾಡುವವರ ಗೋಳು, ಎಲ್ಲವೂ ಅವಳ ಗಂಟಲಲ್ಲಿ ಇದ್ದವು. ನನ್ನ ಅನುಕರಣೆಯೂ ಇತ್ತೆಂದು ಈಗ ತಿಳಿಯುತ್ತದೆ. ಆಗ ಮನೆಯವರು ಅಡುಗೆಮನೆಯಲ್ಲಿ ಏತಕ್ಕೆ ನಗುತ್ತಿದ್ದರೆಂದು ನನಗೆ ಯಾರೂ ಹೇಳಿರಲಿಲ್ಲ.

ಅವಳನ್ನು ಮುಂಬಯಿಗೆ ಮದುವೆ ಮಾಡಿಕೊಟ್ಟೆವು. ಅಲ್ಲಿ ಯಾರದೋ ಪರಿಚಯದಿಂದ ಒಂದು ಸ್ಟುಡಿಯೋ ಸೇರಿದಳು. ಅನಿಮೆ ಎಂಬ ಜಪಾನಿನ ಕಾರ್ಟೂನುಗಳಿಗೆ ಹಿಂದಿಯ ಧ್ವನಿ ಕೊಡುವ ಕೆಲಸ. ಅದರಲ್ಲಿಯ ಹುಡುಗರಿಗೆ ಹೆಂಗಸರೇ ಧ್ವನಿ ಕೊಡುವುದು ವಾಡಿಕೆಯಂತೆ. ನಮ್ಮ ತ್ರಿಶಲಾ, ಎರಡು ಮಕ್ಕಳ ತಾಯಿ, ಕತ್ತಲೆ ಕೋಣೆಯಲ್ಲಿ ನಿಂತು ಆಕಾಶದ ಹಡಗಿನಲ್ಲಿ ಹಾರುವ ಒಬ್ಬ ಪುಂಡ ಹುಡುಗನಾಗಿ ಕಿರುಚುತ್ತಿದ್ದಳು; ಕಿರುಚಿದ್ದಕ್ಕೆ ಪಗಾರವೂ ಬರುತ್ತಿತ್ತು. "ಸ್ವಂತ ಮನಿಯಾಗ ಕಿರಿಚಿದ್ರ ಬೈತಾರ, ಅಲ್ಲಿ ಪಗಾರ ಕೊಡ್ತಾರ. ಮುಂಬಯಿ ಮುಂಬಯಿನs" ಎಂದು ನನ್ನ ಹೆಂಡತಿ ಓಣಿಯವರಿಗೆಲ್ಲ ಹೇಳಿದಳು. ನಾನು ಆಕ್ಷೇಪಿಸಲಿಲ್ಲ. ಆ ಹುಡುಗ ನನಗೆ ಸಂಬಂಧಪಟ್ಟವನಲ್ಲ.

ಆಮೇಲೆ ಹುಕ್ಕೇರಿಯ ಪ್ರಸಂಗ. ನಾವು ಸೂರ್ಯ ಮುಳುಗುವ ಮುಂಚೆ ಊಟ ಮುಗಿಸುವ ಜನ. ಆದ್ದರಿಂದ ಮಕ್ಕಳ ಕಾರ್ಟೂನೂ ನಮ್ಮ ಸಂಜೆಯ ಊಟವೂ ಒಂದೇ ಹೊತ್ತಿಗೆ ಬರುತ್ತವೆ. ನೇಮಣ್ಣನ ಮನೆಯ ಪಡಸಾಲೆಯಲ್ಲಿ ಊಟಕ್ಕೆ ಕುಳಿತಿದ್ದೆ. ನನ್ನ ಬಾಯಲ್ಲಿ ಹೋಳಿಗೆ ಇತ್ತು. ಆಗ ಒಳಕೋಣೆಯಲ್ಲಿ ನಾನು ಗಂಟಲು ಸರಿಮಾಡಿಕೊಂಡದ್ದು ನನಗೆ ಕೇಳಿಸಿತು.

ಅಕ್ಕನ ಗಂಡನೆಂದು ನನ್ನನ್ನು ದಾಜಿ ಎನ್ನುವ ನೇಮಣ್ಣನ ಕೈಯ ತುತ್ತು ಅಲ್ಲೇ ನಿಂತಿತು. "ದಾಜಿ, ನೀವು ಇಲ್ಲೇ ಕುಂತೀರಿ. ಒಳಗ ಯಾರು?"

"ರಹನೇ ದೋ. ಯಾದ್ ರಹೇಗಾ" ಎಂದು ನಾನು ಒಳಗಿನಿಂದ ಹೇಳಿದೆ. ಇಷ್ಟು ಸ್ಪಷ್ಟವಾದ ಹಿಂದಿ ನನಗೆ ಬರುತ್ತದೆಂಬುದು ನನಗೂ ಹೊಸ ಸಂಗತಿಯಾಗಿತ್ತು. ಎಂಜಲು ಕೈಯಲ್ಲೇ ಎದ್ದು ಹೋಗಿ ನೋಡಿದರೆ ಟೀವಿಯಲ್ಲಿ ಬಿಳಿ ಹುಬ್ಬಿನ ಒಂದು ಮುದಿ ಆಮೆ. ಆ ಪುಂಡ ಹುಡುಗನ ಹಡಗಿನಲ್ಲಿ ಮಂತ್ರಿಯಂತೆ. ಯಾರು ಏನಂದರೂ ಗಂಟಲು ಸರಿಮಾಡಿಕೊಂಡು ನನ್ನದೇ 'ಇರಲಿ, ನೆನಪಿರಲಿ'ಯನ್ನು ಹಿಂದಿಯಲ್ಲಿ ಹೇಳುತ್ತದೆ. ನೇಮಣ್ಣನ ಮೊಮ್ಮಕ್ಕಳು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದವು.

"ಆಮಿ ಹುಬ್ಬು ಸೈತ ನಿಮ್ಮಂಗs ಐತಿ ಬಿಡ್ರಿ" ಎಂದ ನೇಮಣ್ಣ.

"ಚಿತ್ರ ಬರೆದವರು ಜಪಾನಿನವರು. ಅವರು ನನ್ನನ್ನು ನೋಡಿಲ್ಲ."

"ಅದಕ್ಕs ನನಗೂ ಆಶ್ಚರ್ಯ ಆಗೂದು" ಎಂದು ಅವನು ಮತ್ತೆ ಊಟಕ್ಕೆ ಕುಳಿತ. ಹೋಳಿಗೆಗೆ ತುಪ್ಪ ಹಾಕಿಸಿಕೊಂಡ. ಅದೂ ನನಗೆ ನೆನಪಿದೆ.

ಅಲ್ಲಿಂದಲೇ ಮುಂಬಯಿಗೆ ಫೋನು ಮಾಡಿಸಿದೆ. ತ್ರಿಶಲಾ ಮುಚ್ಚಿಡಲಿಲ್ಲ. "ಕಾಕಾ, ಆಮಿ ಮಾತಾಡಾಂವ ಅವತ್ತ ಗಂಟಲ ಕಟ್ಟಿ ಬಂದಿರ್ಲಿಲ್ರಿ. ನನ್ನ ನಿಲ್ಲಿಸಿದ್ರು. ಹಿಂದಿ ಮಾತು ಮುಗೀತು, ಆದ್ರ ಆಮಿ ಬಾಯಿ ಇನ್ನೂ ಆಡಾಕತ್ತಿತ್ತು. ಜಪಾನಿ ಮಾತು ಉದ್ದ ಇರ್ತಾವ. 'ಬಾಯಿ ಖಾಲಿ ಆಡಬಾರದು, ಏನಾರ ತುಂಬು' ಅಂದ್ರು. ನನಗ ನಿಮ್ಮ ಮಾತು ಬಾಯಿಗೆ ಬಂತು. ಅಳತಿಗೆ ಸರಿ ಕುಂತಬಿಟ್ಟಿತು ನೋಡ್ರಿ. ಆಮ್ಯಾಲೆ ಅವರು ಬಿಡಲಿಲ್ಲ."

ಅಂದರೆ, ಒಂದು ಆಮೆಯ ಖಾಲಿ ಬಾಯಿ ತುಂಬಲಿಕ್ಕೆ ನನ್ನ ಆಯುಷ್ಯದ ಅಪಮಾನಗಳು ಅಳತೆಗೆ ಸರಿಯಾಗಿ ಒದಗಿದವು. ಡಬ್ಬಿಗೆ ಮುಚ್ಚಳ ಕೂತಂತೆ. ಗೋಕಾಕಕ್ಕೆ ಮರಳಿದ ಮೇಲೆ ತಿಳಿಯಿತು, ಇಡೀ ಪೇಟೆ ಆ ಆಮೆಯನ್ನು ನೋಡುತ್ತಿತ್ತು. ಸಾಲೆಗೆ ಹೋಗುವ ಹುಡುಗರು ಅಂಗಡಿಯ ಮುಂದೆ ಗಂಟಲು ಸರಿಮಾಡಿಕೊಂಡು ಓಡುತ್ತಿದ್ದರು. ಒಬ್ಬ ಗಿರಾಕಿ, ಮರ್ಯಾದಸ್ಥರ ಮನೆಯವನು, ಚೆಂಬಿಗೆ ಕಡಿಮೆ ಬೆಲೆ ಕೇಳಿ ನಾನು ಒಪ್ಪದಿದ್ದಾಗ, "ರಹನೇ ದೋ" ಎಂದು ಎದ್ದು ಹೋದ. ಬಸ್ತಿಯಲ್ಲಿ ಪುರಾಣಕ್ಕೆ ಕುಳಿತು ಗಂಟಲು ಸರಿಮಾಡಿಕೊಂಡರೆ ಹೆಂಗಸರ ಸಾಲಿನ ಮಾತು ನಿಲ್ಲುವ ಬದಲು ನಗು ಏಳುತ್ತಿತ್ತು. ಆ ವರ್ಷ ನಾನು ಗಂಟಲು ಸರಿಮಾಡಿಕೊಳ್ಳದೆಯೇ ಪುರಾಣ ಮುಗಿಸಿದೆ. ಎಂಥ ಕಷ್ಟವೆಂದು ಓದುವವರಿಗೆ ಮಾತ್ರ ಗೊತ್ತು.

ದಶಲಕ್ಷಣ ಪರ್ವ ಮುಗಿದ ಮೇಲೆ ನಮ್ಮಲ್ಲಿ ಕ್ಷಮೆಯ ದಿನ ಬರುತ್ತದೆ. ಬಸ್ತಿಯಲ್ಲಿ ಎಲ್ಲರೂ ಎಲ್ಲರ ಮುಂದೆ ಕೈಮುಗಿದು, ತಿಳಿದೋ ತಿಳಿಯದೆಯೋ ಮಾಡಿದ ತಪ್ಪಿಗೆ ಕ್ಷಮೆ ಕೇಳುತ್ತಾರೆ. ಅತ್ಯಂತ ಶ್ರೇಷ್ಠವಾದ ಪದ್ಧತಿ. ನನಗೆ ಅದರಲ್ಲಿ ಒಂದೇ ತಕರಾರು: ತಪ್ಪು ಯಾವುದೆಂದು ಯಾರೂ ಹೇಳುವುದಿಲ್ಲ. ಹೆಸರಿಲ್ಲದ ತಪ್ಪಿಗೆ ಕೊಟ್ಟ ಕ್ಷಮೆ ಹೆಸರು ಕೆತ್ತದ ಪಾತ್ರೆ ಇದ್ದಂತೆ, ಯಾರ ಮನೆಗೆ ಹೋಯಿತೋ ತಿಳಿಯುವುದಿಲ್ಲ. ಆದ್ದರಿಂದ ನನ್ನ ಮುಂದೆ ಬಂದವರನ್ನು ನಾನು "ಯಾವ ತಪ್ಪು?" ಎಂದು ಕೇಳುತ್ತೇನೆ. ಅವರಿಗೆ ನೆನಪಿಲ್ಲದಿದ್ದರೆ ನಾನೇ ನೆನಪಿಸಿಕೊಡುತ್ತೇನೆ. ಈ ಕಾರಣಕ್ಕೆ ಆ ದಿನ ಹಲವರು ನಾನು ನಿಂತ ಕಂಬವನ್ನು ಬಳಸಿಕೊಂಡು ಹೋಗುತ್ತಾರೆ. ಅವರ ಹೆಸರೂ ನೆನಪಿದೆ.

ಪರ್ವಕ್ಕೆಂದು ಮುಂಬಯಿಯಿಂದ ಬಂದಿದ್ದ ತ್ರಿಶಲಾ ಮಾತ್ರ ನೇರವಾಗಿ ನನ್ನ ಮುಂದೆ ಬಂದು ಬಾಗಿದಳು. "ಉತ್ತಮ ಕ್ಷಮಾ ಕಾಕಾ. ತಿಳಿದು, ತಿಳೀದೆ ಏನರ ತಪ್ಪಾಗಿದ್ರ ಕ್ಷಮಾ ಮಾಡ್ರಿ."

"ಯಾವ ತಪ್ಪು?"

"ಇನ್ನ ಸಾಲು ಸರಿಯೂದಿಲ್ಲ, ಕುಂದರ್ರಿ" ಎಂದು ಹಿಂದಿನಿಂದ ಯಾರೋ ಅಂದರು.

"ನಿಮ್ಮ ದನಿ ತಗೊಂಡದ್ದು" ಎಂದಳು ಅವಳು. ತಲೆ ಎತ್ತಲಿಲ್ಲ.

"ಬಿಡುತ್ತೇನೆಂದು ನಿಯಮ ತೆಗೆದುಕೋ."

"ಮುಂದಿನ ಚಾತುರ್ಮಾಸದ ತನಕ ತಗೊಳ್ಳಲೇನ್ರಿ?"

"ಜನ್ಮಪರ್ಯಂತ."

"ಕಾಕಾ, ಹುಡುಗನ ದನಿ ಮಾಡಾವ್ರು ಅಲ್ಲಿ ಭಾಳ ಮಂದಿ ಅದಾರ್ರಿ. ಅವರಿಗೆ ನನ್ನ ಕಡಿಂದ ಆಮಿನs ಬೇಕಾಗೇತಿ. ಆಮಿ ಬಿಟ್ರ ನನಗ ಕೆಲಸ ಉಳಿಯಂಗಿಲ್ಲ."

ನಾನು ಗಂಟಲು ಸರಿಮಾಡಿಕೊಂಡೆ. ಇಡೀ ಬಸ್ತಿಯಲ್ಲಿ ಯಾರೂ ನಗಲಿಲ್ಲ. ಅಷ್ಟರಮಟ್ಟಿಗೆ ನ್ಯಾಯ ನನ್ನ ಕಡೆಗಿತ್ತು. ಅವಳು ದೇವರತ್ತ ತಿರುಗಿ ಕೈಮುಗಿದಳು. ನಾನು ಹೇಳಿಕೊಟ್ಟಂತೆ ಹೇಳಿದಳು. ಕಾಕಾನ ಧ್ವನಿ, ಕಾಕಾನ ಮಾತು, ಕಾಕಾನ ರೂಪ, ಕಾಕಾನ ನಡೆ, ಕಾಕಾನ ಮನೆ, ಯಾವುದನ್ನೂ ಯಾವ ವೇಷದಲ್ಲಿಯೂ ಯಾರಿಗೂ ತೋರಿಸುವುದಿಲ್ಲ. ಮನೆಯನ್ನು ನಾನೇ ಕೊನೆಗೆ ಸೇರಿಸಿದೆ. ಪಾತ್ರೆ ವ್ಯಾಪಾರಿ ತೂತು ಬಿಡುವುದಿಲ್ಲ. ಆಮೇಲೆ ಅವಳನ್ನು ಮನಃಪೂರ್ವಕವಾಗಿ ಕ್ಷಮಿಸಿದೆ.

ಅವಳು ಮುಂಬಯಿಗೆ ಹೋಗಿ ಆಮೆಯನ್ನು ಬಿಟ್ಟಳು. ಅವಳು ಹೇಳಿದ್ದಂತೆಯೇ ಕೆಲವು ತಿಂಗಳಲ್ಲಿ ಅವರು ಅವಳನ್ನೂ ಬಿಟ್ಟರು. ಆಮೆಗೆ ಬೇರೆ ಯಾರೋ ಧ್ವನಿ ಕೊಟ್ಟರು. ಅನ್ಯಾಯ ನಿಜವಾಗಿ ನಿಂತಿದೆಯೇ ಎಂದು ಖಾತ್ರಿ ಮಾಡಿಕೊಳ್ಳುವ ಒಂದೇ ಉದ್ದೇಶದಿಂದ ನಾನು ದಿನಾ ಸಂಜೆ ಆ ಕಾರ್ಟೂನು ನೋಡುತ್ತಿದ್ದೆ. ಹೊಸ ಧ್ವನಿ ತೀರ ಸಾಧಾರಣ. "ಯಾದ್" ಎನ್ನುವಲ್ಲಿ ಭಾರವೇ ಇಲ್ಲ. ಆ ಆಮೆ ಮರುದಿನವೇ ಎಲ್ಲವನ್ನೂ ಮರೆಯುತ್ತದೆಂದು ಯಾರಿಗಾದರೂ ಗೊತ್ತಾಗಬೇಕು. ಹುಡುಗರು ಅಂಗಡಿಯ ಮುಂದೆ ಸುಮ್ಮನೆ ಹಾದುಹೋಗಲಾರಂಭಿಸಿದರು. "ನೆಮ್ಮದಿ ಆತಲ್ಲ?" ಎಂದು ಹೆಂಡತಿ ಕೇಳಿದಳು. ಆತು ಎಂದೆ.

ಒಂದೆರಡು ವರ್ಷಗಳ ತರುವಾಯ ತ್ರಿಶಲಾ ಕಾದಂಬರಿ ಬರೆಯುತ್ತಿದ್ದಾಳೆಂಬ ಸುದ್ದಿ ಬಂತು. "ದನಿ ಕಟ್ಟಿದ್ರು, ಕೈ ಐತಲ್ಲ" ಅಂದಳಂತೆ. ಅದು ಸ್ಟೀಮ್‌ಪಂಕ್ ಎಂಬ ಜಾತಿಯ ಕಾದಂಬರಿ. ಫೋನಿನಲ್ಲಿ ಕೇಳಿಸಿಕೊಂಡದ್ದನ್ನು ಹೆಂಡತಿ ನನಗೆ ವಿವರಿಸಿದಳು: "ಕರೆಂಟ್ ಇರಲಾರದ ಲೋಕಂತ್ರಿ. ಗಾಡಿ, ಗಿರಣಿ, ಹಡಗ, ಎಲ್ಲಾ ಉಗಿ ಮ್ಯಾಲ ನಡೀತಾವಂತ."

"ಕರೆಂಟ್ ಇರಲಾರದ ಲೋಕ ಬರೆಯಲಿಕ್ಕೆ ಕಲ್ಪನೆ ಏತಕ್ಕೆ ಬೇಕು? ಕುಲಗೋಡದಲ್ಲಿ ಹುಟ್ಟಿದವಳಲ್ಲವೇ" ಎಂದೆ. ಆದರೆ ಮನಸ್ಸಿನಲ್ಲಿ ಸಿದ್ಧನಾಗತೊಡಗಿದೆ. ನಿಯಮ ತೆಗೆದುಕೊಂಡದ್ದು ಬಾಯಿಯ ವಿಷಯಕ್ಕೆ, ಬರವಣಿಗೆಗೆ ಅನ್ವಯಿಸುವುದಿಲ್ಲ ಎಂದು ಅವಳು ವಾದಿಸಬಹುದು. ನನ್ನನ್ನು ಖಳನಾಯಕ ಮಾಡಿರಬಹುದು. ಹಾಗೆ ಮಾಡಿದ್ದರೆ ಎಲ್ಲಿ, ಯಾರ ಎದುರಿಗೆ, ಯಾವ ಶಬ್ದಗಳಲ್ಲಿ ಖಂಡಿಸಬೇಕೆಂಬುದನ್ನು ಹಗಲೆಲ್ಲ ಅಂಗಡಿಯ ಗಲ್ಲೆಯ ಮೇಲೆ ಕುಳಿತು ರಚಿಸಿದೆ. ಪುರಾಣದ ಗದ್ಯ ಓದಿದವನು ನಾನು. ಒಳ್ಳೆಯ ಖಂಡನೆ ಸಿದ್ಧವಾಯಿತು.

ಪುಸ್ತಕದ ಬಿಡುಗಡೆ ಮೂಡಲಗಿಯಲ್ಲಿ, ಒಂದು ಸಾಲೆಯ ಸಭಾಂಗಣದಲ್ಲಿ ನಡೆಯಿತು. ನಾನು ಮುಂದಿನ ಸಾಲಿನಲ್ಲಿ, ಎದ್ದು ನಿಂತರೆ ಎಲ್ಲರಿಗೂ ಕಾಣುವಂಥ ಕುರ್ಚಿ ನೋಡಿ ಕುಳಿತೆ. ಅತಿಥಿಗಳು ಕಾದಂಬರಿಯನ್ನು ಓದದೆಯೇ ಹೊಗಳಿದರು. ಒಬ್ಬರು ಅದು ರೈಲ್ವೆಯ ಬಗೆಗಿನ ಪುಸ್ತಕವೆಂದು ಭಾವಿಸಿದ್ದರು. "ವಿಲನ್ ನೀವs ಇರಬೇಕ್ರಿ ದಾಜಿ, ಖಾತ್ರಿ" ಎಂದು ಪಕ್ಕದಲ್ಲಿ ನೇಮಣ್ಣ ಪಿಸುಗುಟ್ಟಿದ. ತ್ರಿಶಲಾ ಬಂದು ಕಾಲು ಮುಟ್ಟಿ ಒಂದು ಪ್ರತಿ ಕೊಟ್ಟಳು. "ಓದಿ ನೋಡುತ್ತೇನೆ" ಎಂದೆ, ಸಾಧ್ಯವಾದಷ್ಟು ಬಿಗಿಯಾಗಿ.

ಓದಿದೆ. ಕೈಯಲ್ಲಿ ಪೆನ್ಸಿಲು ಹಿಡಿದು ಓದಿದೆ. ಖಳನಾಯಕ ಒಬ್ಬ ಸ್ಟೀಲು ವ್ಯಾಪಾರಿ. ಇಷ್ಟು ಯೋಗ್ಯವಾದ ಖಳನಾಯಕನನ್ನು ನಾನು ಯಾವ ಪುಸ್ತಕದಲ್ಲೂ ಕಂಡಿಲ್ಲ. ಹಿತ್ತಾಳೆ, ತಾಮ್ರ, ಕಲಾಯಿ, ಬೆಸುಗೆ, ಪುಟಪುಟಕ್ಕೂ ನನ್ನ ಅಂಗಡಿಯ ಸಾಮಾನು ಫಳಫಳ ಹೊಳೆಯುತ್ತದೆ. ಗೋಕಾಕದ ಧಬಧಬೆ ಜಲಪಾತದ ಮೇಲೆ ತೂಗುವ ಆಕಾಶದ ಹಡಗಿಗೆ ಕಬ್ಬಿನ ಸಿಪ್ಪೆಯೇ ಉರುವಲು. ಅದರ ಯಂತ್ರವೆಂದರೆ ನಮ್ಮ ಬಚ್ಚಲಿನ ಬಂಬವೇ, ಮೂರು ಮಾಳಿಗೆಯಷ್ಟು ಬೆಳೆದದ್ದು. ಅದು ಕುದಿಯುವ ಸದ್ದನ್ನು ಕೇಳಿಯೇ ಉಗಿಯ ಒತ್ತಡ ಹೇಳುವ ಪ್ರಧಾನ ಯಂತ್ರಜ್ಞೆ ನನ್ನ ಹೆಂಡತಿ. ಕಾದಂಬರಿಯಲ್ಲಿ ಅವಳು ಅವಿವಾಹಿತೆ. ಬಹಳ ಸುಖವಾಗಿದ್ದಾಳೆ. ಆ ಭಾಗವನ್ನು ನನ್ನ ಹೆಂಡತಿ ಮತ್ತೆ ಮತ್ತೆ ಓದಿ, "ಭಾಳ ಛಲೋ ಬರದಾಳ್ರಿ, ಇದ್ದದ್ದು ಇದ್ದಂಗ" ಎಂದಳು.

ಕೊನೆಗೆ ನಮ್ಮ ಓಣಿ ಬಂತು. ಪೆನ್ಸಿಲು ಚೂಪು ಮಾಡಿಕೊಂಡೆ. ದರ್ಜಿಯ ಮನೆ ಇತ್ತು. ಅದರ ನಂತರ ನನ್ನ ಮನೆ ಬರಬೇಕು; ಬರಲಿಲ್ಲ. ಎಮ್ಮೆಯವರ ಮನೆಯೇ ಬಂತು. ಬಡಿಸುವವನು ಎಡಗಡೆಯವರಿಗೆ ಬಡಿಸಿ ಬಲಗಡೆಯವರಿಗೆ ಹೋದಂತೆ. ಎರಡೂ ಮನೆಗಳ ನಡುವೆ ಸದಾ ದಟ್ಟವಾದ ಉಗಿ ತುಂಬಿರುತ್ತದೆಂದೂ, ಒಳಗೆ ಏನಿದೆಯೆಂದು ಯಾರೂ ಕೇಳುವುದಿಲ್ಲವೆಂದೂ, ಹಡಗುಗಳು ಮಾತ್ರ ಅಲ್ಲಿಗೆ ಬಂದಾಗ ವೇಗ ತಗ್ಗಿಸುತ್ತವೆಂದೂ ಬರೆದಿದ್ದಳು. ಏತಕ್ಕೆ ತಗ್ಗಿಸುತ್ತವೆಂದು ಬರೆದಿರಲಿಲ್ಲ. ನಾನು ಆ ಪುಟದ ಮೇಲೆ ಪೆನ್ಸಿಲು ಇಟ್ಟು ಬಹಳ ಹೊತ್ತು ಕುಳಿತೆ. ಗುರುತು ಹಾಕಲಿಕ್ಕೆ ಏನೂ ಇರಲಿಲ್ಲ.

ಮರುದಿನವೇ ಕುಲಗೋಡದ ಬಸ್ಸು ಹತ್ತಿದೆ. ತ್ರಿಶಲಾ ಇನ್ನೂ ತವರಿನಲ್ಲೇ ಇದ್ದಳು. ಚಹಾ ಕೊಟ್ಟಳು. ಕುಡಿಯಲಿಲ್ಲ.

"ಎಮ್ಮೆ ಇದೆ" ಎಂದೆ.

"ಹೌದ್ರಿ ಕಾಕಾ."

"ಎಮ್ಮೆಗೆ ಇದ್ದ ಯೋಗ್ಯತೆ ನನಗಿಲ್ಲವೆಂದಾಯಿತು."

"ಎಮ್ಮಿದು ನಾ ನಿಯಮ ತಗೊಂಡಿಲ್ರಿ" ಎಂದಳು. ಅವಳ ಮುಖದಲ್ಲಿ ವ್ಯಂಗ್ಯ ಹುಡುಕಿದೆ, ಇದ್ದಿದ್ದರೆ ಅನುಕೂಲವಾಗುತ್ತಿತ್ತು. "ಮೊದಲ ಬರದಾಗ ಹಡಗದ ಕಪ್ತಾನ ನೀವs ಇದ್ರಿ. ಅರ್ಧಾ ಬರದಿದ್ದೆ. ಒಂದಿನ ಪೂಜಿಗೆ ಕುಂತಾಗ ಬಸ್ತ್ಯಾಗ ಹೇಳಿದ್ದು ನೆನಪಾತು. ಎಲ್ಲಾ ತಗದು ನೇಮು ಮಾಮಾನ ಕೂಡಿಸಿದೆ. ಭಾಳ ಕೆಟ್ಟ ಅನ್ನಿಸ್ತು. ಅಂವಗ ಹಡಗ ನಡಸಾಕ ಬರಂಗಿಲ್ಲ."

"ಬರುವುದಿಲ್ಲ" ಎಂದೆ. ನಾವಿಬ್ಬರೂ ಒಪ್ಪಿದ ವಿಷಯ ಅದೊಂದೇ. "ಎರಡನೆಯ ಮುದ್ರಣ ಬಂದರೆ, ಒಂದು ಸಾಲು? ಆ ಉಗಿಯ ಒಳಗಿನಿಂದ ಯಾರೋ ಗಂಟಲು ಸರಿಮಾಡಿಕೊಂಡರು, ಅಷ್ಟೇ. ಹೆಸರು ಬೇಡ."

ಅವಳು ನನ್ನ ಮುಂದೆ ನೆಲದ ಮೇಲೆ ಕುಳಿತಳು. "ಕಾಕಾ, ನೀವು ಬದನಿಕಾಯಿ ಬಿಟ್ಟೀರಿ. ಎಣ್ಣಿಗಾಯಿ ರಸದಾಗ ರೊಟ್ಟಿ ಅದ್ದಿಕೊಂಡು ತಿಂತೀರೇನು?"

ನಾನು ಗೋಡೆ ನೋಡಿದೆ.

"ನಿಮ್ಮನ್ನ ನೋಡೇ ಕಲತೇನ್ರಿ ನಾ" ಎಂದಳು. ಚಹಾ ಆರಿತ್ತು. ಕುಡಿದು ಎದ್ದೆ.

ಗೋಕಾಕಕ್ಕೆ ಬಂದವನು ಮನೆಗೆ ಹೋಗದೆ ಬಸ್ತಿಯಲ್ಲಿ ಪೂಜೆ ಮಾಡುವ ಉಪಾಧ್ಯೇರ ಹತ್ತಿರ ಹೋಗಿ, ಹೇಳಿಕೊಟ್ಟ ನಿಯಮವನ್ನು ಹಿಂದಕ್ಕೆ ಪಡೆಯುವ ಮಾರ್ಗವಿದೆಯೇ ಎಂದು ಕೇಳಿದೆ. ಇದು ಬೇರೊಬ್ಬರ ಪರವಾಗಿ ಕೇಳುತ್ತಿರುವ ಪ್ರಶ್ನೆ ಎಂದೂ ಸ್ಪಷ್ಟಪಡಿಸಿದೆ. ಅವರು ನಕ್ಕರು. "ತಗೊಂಡಾಕಿ ಗಟ್ಟಿ ಇದ್ರ ಹೇಳಿಕೊಟ್ಟಾವ್ರು ಏನ್ ಮಾಡ್ತೀರಿ? ಅವತ್ತ 'ಒಂದು ವರ್ಷದ ಮಟ್ಟಿಗೆ ಸಾಕಲ್ಲರಿ' ಅನ್ನಾಕ ನಾ ಬಾಯಿ ತಗದಿದ್ದೆ. ನೀವು ಗಂಟಲ ಸರಿಮಾಡಿಕೊಂಡ್ರಿ. ನನ್ನ ಹೆಸರು ನಿಮ್ಮ ನೆನಪಿನ್ಯಾಗ ಯಾಕ ಬೇಕಂತ ಸುಮ್ಮನಾದೆ."

ತೆರೆದ ಬಾಯಿಯನ್ನು ಮುಚ್ಚಿದ ಅವರ ಈ ಅಪರಾಧವೂ ಈಗ ನನ್ನ ನೆನಪಿಗೆ ಸೇರಿದೆ. ಮುಂದಿನ ಕ್ಷಮೆಯ ದಿನ ಬರಲಿ. ಆದರೆ ಉಪಾಧ್ಯೇರು ಒಬ್ಬರೇ ಅಲ್ಲ. ಅಂದು ಬಸ್ತಿ ತುಂಬಿತ್ತು. ಪರ್ವಕ್ಕೆಂದು ಬಂದಿದ್ದ ನೇಮಣ್ಣ ಇದ್ದ, ಹಿತ್ತಾಳೆಯ ಮೀಸೆ ಇನ್ನೂ ಬಂದಿರಲಿಲ್ಲ. ನನ್ನ ಹೆಂಡತಿ ಇದ್ದಳು, ಆಗ ವಿವಾಹಿತೆಯಾಗಿಯೇ ಇದ್ದಳು. ಕಂಬ ಬಳಸಿಕೊಂಡು ಹೋಗುವ ಸಮಸ್ತ ಸಜ್ಜನರೂ ಇದ್ದರು. ನಿಮ್ಮಲ್ಲಿ ಒಬ್ಬೊಬ್ಬರನ್ನೂ ನಾನು ಇಷ್ಟು ವರ್ಷ ಹೆಸರು ಹೆಸರಾಗಿ ನೆನಪಿಟ್ಟುಕೊಂಡು ಬಂದಿದ್ದೇನೆ. ಆದ್ದರಿಂದ ಒಂದೇ ಪ್ರಶ್ನೆ ಕೇಳುವ ಹಕ್ಕು ನನಗಿದೆಯೆಂದು ತಿಳಿಯುತ್ತೇನೆ: ಈ ಲೋಕದಲ್ಲಿ ನನ್ನನ್ನು ನೆನಪಿಟ್ಟುಕೊಳ್ಳಬಲ್ಲ ಒಬ್ಬಳೇ ಒಬ್ಬಳ ಬಾಯಿಯನ್ನು ನಾನು ಕಟ್ಟುತ್ತಿದ್ದಾಗ, ನಿಮ್ಮಲ್ಲಿ ಒಬ್ಬರಾದರೂ ಎದ್ದು ಬಂದು ನನ್ನ ಬಾಯಿಯನ್ನು ಏಕೆ ಕಟ್ಟಲಿಲ್ಲ?